ಎಂಟರ ಪಟ್ಟಿ

ಕೆ.ಎಂ. ದೊಡ್ಡಿ ದಾಟಿ ಕಬ್ಬಿನ ಟ್ರ್ಯಾಕ್ಟರು ಅಡ್ಡ ಬಂದಾಗ
ತಾರಾಮಣಿ ಮುದುಕನೊಬ್ಬನ ಚಿಲ್ಲರೆ ಎಣಿಸುತ್ತಿದ್ದಳು.
ಡ್ರೈವರು ಬ್ರೇಕು ಒತ್ತಿದ.
ಏಳು ರೂಪಾಯಿ ಮುಷ್ಟಿಯಲ್ಲೇ ಉಳಿಯಿತು,
ಬಲ ಹೆಗಲು ಹೋಗಿ ಕಂಬಿಗೆ ಬಡಿಯಿತು.

‘ಏನಾಗಿಲ್ಲ’ ಎಂದು ಮಂಡ್ಯದ ತನಕ
ಎಡಗೈಯಲ್ಲೇ ಟಿಕೆಟು ಕೊಟ್ಟಳಂತೆ.
ಸ್ಟ್ಯಾಂಡಿನಲ್ಲಿ ಬ್ಯಾಗು ಇಳಿಸುವಾಗ ಒಳಗೆ
ಕಬ್ಬಿನ ಗಿಣ್ಣು ಮುರಿದ ಹಾಗೆ ಲಟ್ಟೆಂದಿತಂತೆ.
ಅಲ್ಲಿಗೆ ಅವಳ ಕಥೆ ಮುಗಿಯಿತು.
ಮುಂದಿನದು ನನ್ನದು.

ದೊಡ್ಡಾಸ್ಪತ್ರೆಯ ಹುಡುಗ ಡಾಕ್ಟರು
ಎಕ್ಸ್‌ರೇ ಬೆಳಕಿಗೆ ಹಿಡಿದರು.
ಹೆಗಲಿಂದ ಎದೆಗೂಡಿಗೆ ಹಾಸಿದ ಒಂದು ಸಣ್ಣ ತೊಲೆ;
ನಡುವೆ ಮುರಿದು ಒಂದು ತುದಿ ಎದ್ದು ನಿಂತಿತ್ತು
ಎತ್ತು ಬಿಚ್ಚಿದ ಗಾಡಿಯ ಮೂಕಿಯಂತೆ.
‘ಆಪರೇಷನ್ ಬೇಡ, ತಾನೇ ಕೂಡುತ್ತೆ.
ಆರು ವಾರ ಕೈ ಎತ್ತಬಾರದು’ ಎಂದು
ಬೆನ್ನ ಮೇಲೆ ಕತ್ತರಿ ಬರುವ ಹಾಗೆ ಪಟ್ಟಿ ಬಿಗಿದರು.
‘ಇದಕ್ಕೆ ಎಂಟರ ಪಟ್ಟಿ ಅಂತಾರೆ.’
ಹಿಂದೆ ನಿಂತು ನೋಡಿದೆ. ಅದು ಇಂಗ್ಲಿಷಿನ ಎಂಟು.
ನಮ್ಮ ೮ ಕೂಡುವುದಿಲ್ಲ,
ತುದಿಗಳೆರಡೂ ಸುರುಳಿ ಸುತ್ತಿ
ಬಾಯಿ ತೆರೆದೇ ಇರುತ್ತದೆ.

ನಮ್ಮಮ್ಮನಿಗೆ ನಂಬಿಕೆ ಬರಲಿಲ್ಲ.
‘ಬೆಲ್ಟು ಕಟ್ಟಿದ್ರೆ ಮೂಳೆ ಕೂಡ್ತದಾ? ಮೊಟ್ಟೆ ಬಿಳಿ ಬೇಕು,
ಉದ್ದಿನಿಟ್ಟು ಬೇಕು, ಬಿದಿರು ದಬ್ಬೆ ಬೇಕು’
ಎಕ್ಸ್‌ರೇ ಸೆರಗಲ್ಲಿ ಮುಚ್ಚಿಕೊಂಡು
ಹಲಗೂರಿನ ಫ್ರೀ ಬಸ್ಸು ಹತ್ತಿದಳು.
ಚಿಕ್ಕಮರಿ ತಾತನ ಕಣ್ಣಿಗೆ ಪೊರೆ.
ಅದನ್ನು ಬೆರಳಲ್ಲಿ ತಡವಿ, ‘ಹಾಳೆ ಮ್ಯಾಲೆ ಮೂಳೆ ಸಿಗಕಿಲ್ಲ ಕಣವ್ವ,
ಹೆಂಗೆ ಕಟ್ಟವ್ರೆ ಹೇಳು’ ಎಂದು ಕೇಳಿ,
‘ಸರ್ಯಾಗೇ ಕಟ್ಟವ್ರೆ, ಬಿಚ್ಬ್ಯಾಡಿ’ ಅಂದನಂತೆ.
ಬರಿಗೈಲಿ ಕಳಿಸಲಾರದೆ ಒಂದು ಸೀಸೆ ಎಣ್ಣೆ ಕೊಟ್ಟ.
ಅಮ್ಮ ಮೂರು ದಿನ ಮಾತಾಡಲಿಲ್ಲ.

ಎಣ್ಣೆಯನ್ನು ತಲೆಗೆ ಹಾಕಿದೆವು.
ಅವಳ ಜಡೆ ಈಗ ನನ್ನ ಪಾಲಿಗೆ ಬಂದಿತ್ತಲ್ಲ,
ಇಪ್ಪತ್ತು ವರ್ಷ ಆಲೆಮನೆಯ ಕೊಪ್ಪರಿಗೆ ಕಾದ ಈ ಕೈಗೆ.
ಮೂರು ಎಳೆ. ಎರಡನೆಯದು ಎಲ್ಲಿ ಹೋಯಿತೆಂದು ಹುಡುಕುವಾಗ
ಅವಳಿಗೆ ನಗು. ನಕ್ಕರೆ ನೋವು.
‘ನಗಿಸ್ಬ್ಯಾಡ ಕಣಯ್ಯ’ ಎಂದು ಬೈಗುಳ.
ರವಿಕೆ ತೊಡಿಸುವಾಗ ಮೊದಲು ನೊಂದ ಕೈ, ಆಮೇಲೆ ಒಳ್ಳೆಯ ಕೈ;
ಬಿಚ್ಚುವಾಗ ತಿರುಗುಮುರುಗು.
ಹದಿನಾಲ್ಕು ವರ್ಷದಲ್ಲಿ ಇಷ್ಟು ಹೊತ್ತು
ಅವಳ ಹಿಂದೆ ನಿಂತವನಲ್ಲ ನಾನು.
ಆಗ ಕಂಡಿತು: ಬ್ಯಾಗಿನ ಪಟ್ಟಿ ಕೊರೆದ ಕಪ್ಪು ಗೆರೆ
ಬೆನ್ನಿಂದ ಹೆಗಲು ಹತ್ತಿ, ಇಳಿದು,
ಮುರಿದ ಜಾಗದ ಮೇಲೇ ಹಾದುಹೋಗಿತ್ತು.
ಎಂದಾದರೂ ನೋವು ಅಂದಿದ್ದಳೇ,
ಕೇಳಿದ್ದೆನೇ, ನೆನಪಿಲ್ಲ.

ರಾತ್ರಿ ಮೂರು ದಿಂಬಿಗೆ ಒರಗಿ ಅರೆಕೂತು ಕೇಳುತ್ತಾಳೆ:
‘ಈಗ ಒಳಗೆ ಏನ್ ನಡೀತೈತೆ?’
ನನಗೆ ಗೊತ್ತಿರುವುದು ಒಂದೇ.
‘ಪಾಕ ಅಚ್ಚಿಗೆ ಹುಯ್ದ ಮೇಲೆ ಮುಟ್ಟಬಾರದು.
ಮೇಲೆ ಗಟ್ಟಿ ಕಂಡ್ರೂ ನಡುವೆ ಇನ್ನೂ ಮೆತ್ತಗಿರ್ತದೆ.
ಅವಸರಕ್ಕೆ ಕವುಚಿದೋನ ಬೆಲ್ಲ ಒಡೆದೋಯ್ತದೆ.’
‘ನಾನೇನು ಬೆಲ್ಲವಾ?’
‘ಅಲ್ಲ’ ಅಂದೆ.
ಬೇರೇನೋ ಹೇಳಬೇಕಿತ್ತು, ನಿದ್ದೆ ಬಂದುಬಿಟ್ಟಿತು.

ಮೂರನೆಯ ವಾರದ ಎಕ್ಸ್‌ರೇಯಲ್ಲಿ ಇನ್ನೂ ಕನ್ನಡದ ಎಂಟೇ.
ಆರನೆಯ ವಾರಕ್ಕೆ ಎರಡು ತುದಿಗಳ ನಡುವೆ
ಬೆಳ್ಳಗೆ, ಮಾಗಿಯ ಗದ್ದೆ ಬಯಲಿನಲ್ಲಿ ನಿಲ್ಲುವಂಥ ಮಂಜು.
‘ಗಂಟು ಉಳಿಯುತ್ತೆ’ ಅಂದರು ಡಾಕ್ಟರು.
‘ಉಳೀಲಿ ಬಿಡಿ, ಬಾಡಿಗೆ ಕೊಡ್ಬೇಕಾ’ ಅಂದಳು ತಾರಾಮಣಿ.

ಬಾಚಣಿಗೆ ಹಿಡಿದು ಹೋದ ಒಂದು ಬೆಳಿಗ್ಗೆ
ಅವಳೇ ಜಡೆ ಹಾಕಿ ಮುಗಿಸಿದ್ದಳು.
ಸೊಟ್ಟಗಿತ್ತು. ನನ್ನದಕ್ಕಿಂತ ಮೇಲು.
ಎಂಟರ ಪಟ್ಟಿಯಲ್ಲಿ ಅಮ್ಮ
ಹಾಲಿನ ಕ್ಯಾನನ್ನು ಸೈಕಲ್ಲಿಗೆ ಬಿಗಿದಿದ್ದಾಳೆ.
ಬ್ಯಾಗು ಈಗ ಎಡ ಹೆಗಲಿಗೆ ಬದಲಾಗಿದೆ.
ಮೊನ್ನೆ, ಕೇಳದೆಯೇ, ಸೆರಗು ಸರಿಸಿ ನೋಡಿದೆ:
ಅಲ್ಲೂ ತೆಳ್ಳಗೆ ಒಂದು ಗೆರೆ
ಮೂಡತೊಡಗಿದೆ.